ಹದಿಮೂರನೆಯದು ಉಬೈದನದು

ಮೊದಲೇ ಕ್ಷಮೆ ಕೇಳಿಬಿಡುತ್ತೇನೆ. ಇದನ್ನು ಹೇಳಲು ನನಗಿಂತ ತಕ್ಕವರು ಇದ್ದರು. ನಾನು ಅಕ್ಷರ ಕಲಿತದ್ದು ಮದುವೆಯಾಗಿ ಮಗಳು ನಡೆದಾಡುವಂತಾದ ಮೇಲೆ, ಎಸ್ಟೇಟಿನ ಲೈನಿನಲ್ಲಿ, ಸಂಜೆ ಹೊತ್ತು. ಆಮೇಲೆ ಮೂಡಿಗೆರೆಯಲ್ಲಿ ಹತ್ತನೇ ಕ್ಲಾಸು ಪಾಸು ಮಾಡಿಕೊಂಡದ್ದೂ ಸಂಜೆ ಕ್ಲಾಸಿನಲ್ಲೇ. ಹಗಲು ಹೊತ್ತು ಬೆಂಚಿನ ಮೇಲೆ ಕೂತು ಓದಿದವಳಲ್ಲ. ಹಾಗಾಗಿ ಒಂದು ವಾಕ್ಯ ಬರೆದರೆ, ಇದನ್ನು ಯಾರಾದರೂ ಹೊಡೆದುಹಾಕುತ್ತಾರೇನೋ ಎಂದು ಈಗಲೂ ಕೈ ತಡೆಯುತ್ತದೆ. ಅದರಲ್ಲೂ ಮಾನವ ಹಕ್ಕು ಎಂಬಂಥ ದೊಡ್ಡ ವಿಷಯ. ಅದಕ್ಕಾಗಿ ಎಷ್ಟೋ ದೇಶಗಳಲ್ಲಿ ಜನ ಜೈಲಿಗೆ ಹೋಗಿದ್ದಾರೆ, ಸತ್ತಿದ್ದಾರೆ. ನಾವು ಒಂದು ದಿನ ಒಂದು ಪೊಲೀಸ್ ಸ್ಟೇಷನ್ನಿನ ಅಂಗಳದಲ್ಲಿ ಕೂತಿದ್ದೆವು, ಅಷ್ಟೇ. ಇದನ್ನು ಅದರ ಪಕ್ಕದಲ್ಲಿ ಇಡಬಹುದೋ ಇಲ್ಲವೋ ನನಗೆ ತಿಳಿಯದು. ಅವತ್ತು ಮೊದಲ ಮಾತು ಎತ್ತಿದ ನಂಜಮ್ಮ ಇದ್ದಿದ್ದರೆ ಅವಳ ಬಾಯಲ್ಲಿ ಹೇಳಿಸಿ ನಾನು ಬರೆದುಕೊಳ್ಳುತ್ತಿದ್ದೆ. ಅವಳು ತೀರಿಕೊಂಡಳು. ಅದಕ್ಕೇ ಈ ಧೈರ್ಯ.

ಕೊಟ್ಟಿಗೆಹಾರದಿಂದ ಕಳಸದ ಕಡೆಗೆ ಹೋಗುವ ರಸ್ತೆಯಲ್ಲಿ ಕಾನುಗುಡ್ಡೆ ಎಸ್ಟೇಟ್ ಇದೆ. ನಾವೆಲ್ಲ ಅಲ್ಲಿಯ ಲೈನಿನವರು, ಕೂಲಿಯಾಳುಗಳ ಸಾಲುಮನೆಯವರು. ಲೈನ್ ಮನೆಗಳ ತುದಿಗೆ ಒಂದು ಉದ್ದನೆಯ ಕೋಣೆಯಿತ್ತು. ತಾಯಂದಿರು ಕೆಲಸಕ್ಕೆ ಹೋದಾಗ ಕೂಸುಗಳನ್ನು ಅಲ್ಲಿ ಬಿಡುತ್ತಿದ್ದರು. ಜಂತಿಗೆ ಹಗ್ಗ ಕಟ್ಟಿ ಹಳೇ ಸೀರೆಯ ತೊಟ್ಟಿಲು ಇಳಿಬಿಟ್ಟಿದ್ದರಿಂದ ಅದಕ್ಕೆ ತೊಟ್ಟಿಲ ಮನೆ ಎಂದೇ ಹೆಸರು. ಸಂಜೆಯಾದರೆ ಆ ತೊಟ್ಟಿಲುಗಳನ್ನೆಲ್ಲ ಮೇಲಕ್ಕೆತ್ತಿ ಗಂಟು ಹಾಕಿ, ಅವುಗಳ ಕೆಳಗೆ ನಾವು ಸ್ಲೇಟು ಹಿಡಿದು ಕೂರುತ್ತಿದ್ದೆವು. ಕೋಣೆಯೆಲ್ಲ ಹಾಲಿನ ವಾಸನೆ, ಹೊರಗೆ ಕಣದಲ್ಲಿ ಒಣಗುವ ಕಾಫಿಯ ಹುಳಿ ವಾಸನೆ. ಕರೆಂಟು ಮಂಕಾದಾಗ ಬಲ್ಬಿನ ತಂತಿ ಮಾತ್ರ ಕೆಂಪಗೆ ಕಾಣುತ್ತಿತ್ತು. ಆ ವಾಸನೆ, ಆ ಕೆಂಪು, ಈಗಲೂ ನನಗೆ ಓದು ಎಂದರೆ ಅದೇ.

ಕಲಿಸುತ್ತಿದ್ದವರು ಪ್ರೇಮಕುಮಾರಿ ಮಿಸ್. ಕೊಟ್ಟಿಗೆಹಾರದವರು, ಬಿ.ಎ. ಮುಗಿಸಿ ಕೆಲಸಕ್ಕೆ ಕಾಯುತ್ತಿದ್ದರು. ಸೀರೆಯ ಮೇಲೆ ನೀಲಿ ಸ್ವೆಟರ್ ಹಾಕಿಕೊಂಡು ಬರುತ್ತಿದ್ದರು, ಅದರ ಜೇಬಿನಲ್ಲಿ ಸೀಮೆಸುಣ್ಣ. ಅವರನ್ನು ಕರೆತಂದು ವಾಪಸು ಬಿಡುತ್ತಿದ್ದವನು ಜೀಪಿನ ಉಬೈದ್. ಅವನದೂ ಕೊಟ್ಟಿಗೆಹಾರವೇ. ಹೊಸದಾಗಿ ಮದುವೆಯಾಗಿದ್ದ. ಕ್ಲಾಸು ಮುಗಿಯುವ ತನಕ ಹೊಸ್ತಿಲ ಮೇಲೆ, ಒಂದು ಕಾಲು ಒಳಗೆ ಒಂದು ಕಾಲು ಹೊರಗೆ ಹಾಕಿ ಕೂರುತ್ತಿದ್ದ.

"ಒಳಗೆ ಬಾ ಮಾರಾಯ, ಚಳಿ" ಎಂದರೆ, "ನಾನು ಏಳನೇ ಕ್ಲಾಸು ಓದಿದವ ನಂಜಮ್ಮಕ್ಕ, ನಿಮ್ಮ ಜೊತೆ ಕೂತ್ರೆ ಮರ್ತು ಹೋಗ್ತದೆ" ಎನ್ನುತ್ತಿದ್ದ.

"ಮರ್ಯೋದಕ್ಕೆ ಏನಾದ್ರೂ ಇದ್ರೆ ತಾನೆ" ಎಂದು ನಂಜಮ್ಮ ಸ್ಲೇಟಿನಿಂದ ತಲೆ ಎತ್ತದೆ ಹೇಳುತ್ತಿದ್ದಳು.

ನಂಜಮ್ಮ ನಮ್ಮೆಲ್ಲರಿಗಿಂತ ಹಿರಿಯಳು. ಅವಳು ಹೊಲಿದ ಜೀಪಿನ ಸೀಟಿನ ಕತೆಯೂ ಇದೆ. ಉಬೈದನ ಜೀಪಿನ ಹಿಂದಿನ ಸೀಟು ಹರಿದು ನಾರು ಹೊರಬಂದಿತ್ತು. ಕೂತರೆ ಚುಚ್ಚುತ್ತದೆ ಎಂದು ಅವಳೇ ಹಣ್ಣು ತುಂಬುವ ಗೋಣಿ ಹಾಕಿ ಕೆಂಪು ದಾರದಲ್ಲಿ ಹೊಲಿದುಕೊಟ್ಟಿದ್ದಳು. ಆ ಹೊಲಿಗೆ ಮುಂದೆ ಬೇಕಾಗುತ್ತದೆ, ಅದಕ್ಕೇ ಹೇಳಿದೆ.

ಇನ್ನೊಂದು ವಿಷಯವನ್ನೂ ಈಗಲೇ ಹೇಳಬೇಕು. ಕಾಫಿ ಕುಯ್ಲಿನಲ್ಲಿ ಮೇಸ್ತ್ರಿ ಬೆಳಿಗ್ಗೆ ತೋಟದ ಅಂಚಿನಲ್ಲಿ ನಿಂತು ಒಬ್ಬೊಬ್ಬರಿಗೆ ಒಂದೊಂದು ಸಾಲು ಹಂಚುತ್ತಾನೆ. ಕೊಟ್ಟ ಮೇಲೆ ಆ ಸಾಲು ಅವರದೇ. ಪಕ್ಕದ ಗಿಡದ ರೆಂಬೆ ನಮ್ಮ ಸಾಲಿಗೆ ಬಾಗಿ ಹಣ್ಣು ಮೂಗಿಗೆ ತಾಗುತ್ತಿದ್ದರೂ ಮುಟ್ಟುವ ಹಾಗಿಲ್ಲ. ಮುಟ್ಟಿದವರ ಜೊತೆ ಲೈನಿನಲ್ಲಿ ಯಾರೂ ಮಾತಾಡುವುದಿಲ್ಲ. ಸಾಲಿನವರು ಬಾರದಿದ್ದರೆ ಆ ಸಾಲು ಹಾಗೇ ಕೆಂಪಗೆ ನಿಂತಿರುತ್ತದೆ. ನಾವು ಅದನ್ನು ಬಿಟ್ಟು ಮುಂದೆ ಹೋಗುತ್ತೇವೆ.

ತೊಂಬತ್ತೆಂಟರ ಡಿಸೆಂಬರಿನಲ್ಲಿ ಮಿಸ್ ಚಿಕ್ಕಮಗಳೂರಿನಲ್ಲಿ ಏನೋ ತರಬೇತಿಗೆ ಹೋಗಿ ಬಂದರು. ಜಗತ್ತಿನ ದೇಶಗಳೆಲ್ಲ ಸೇರಿ, ಮನುಷ್ಯ ಎಂದ ಮೇಲೆ ಅವನಿಗೆ ಇಷ್ಟು ಇರಲೇಬೇಕು ಎಂದು ಮೂವತ್ತು ಮಾತು ಒಪ್ಪಿಕೊಂಡು ಐವತ್ತು ವರ್ಷ ಆಯಿತಂತೆ. ಅವನ್ನು ನಮಗೆ ತಿಳಿಯುವ ಹಾಗೆ ತಮ್ಮದೇ ಕನ್ನಡದಲ್ಲಿ ಮಾಡಿ ಬೋರ್ಡಿನ ಮೇಲೆ ಬರೆದರು. ಪುಸ್ತಕ ಇರಲಿಲ್ಲ. ಒಬ್ಬೊಬ್ಬರು ಒಂದೊಂದು ಬಾಯಿಪಾಠ ಮಾಡಿದರೆ ಮೂವತ್ತೂ ಲೈನಿನಲ್ಲಿ ಉಳಿಯುತ್ತವೆ ಎಂಬುದು ಅವರ ಲೆಕ್ಕ.

"ಮೇಸ್ತ್ರಿಯವ್ರೆ, ನೀವೇ ಹಂಚಿ" ಎಂದರು.

ನಮ್ಮ ಮೇಸ್ತ್ರಿ ಗುರುವಯ್ಯನೂ ಕ್ಲಾಸಿಗೆ ಬರುತ್ತಿದ್ದ. ಹಗಲೆಲ್ಲ ನಮ್ಮ ಮೇಲೆ ಕೂಗಿ, ಸಂಜೆ ನಮ್ಮ ಜೊತೆಯೇ ಕೂತು 'ಠ' ಬರೆಯಲು ಒದ್ದಾಡುತ್ತಿದ್ದ. ಅವನು ಎದ್ದು ನಿಂತು, ತೋಟದಲ್ಲಿ ನಿಲ್ಲುವ ಹಾಗೇ ನಿಂತು, ಹಂಚಿದ. "ಒಂದು, ನಂಜಮ್ಮ." ಅವಳಿಗೆ ಯಾವಾಗಲೂ ರಸ್ತೆಯಂಚಿನ ಮೊದಲ ಸಾಲು. ಚುರುಕು ಕೈಯವರಿಗೆ ಎರಡೆರಡು. ಮೂವತ್ತನೆಯದನ್ನು ತಾನೇ ಇಟ್ಟುಕೊಂಡ, ಮೇಸ್ತ್ರಿ ಎಲ್ಲರ ಹಿಂದೆ ಬರುವವನಲ್ಲವೇ. ನನಗೆ ಇಪ್ಪತ್ತನಾಲ್ಕು ಬಂತು: ಎಲ್ಲರಿಗೂ ವಿಶ್ರಾಂತಿ ಬೇಕು, ಬಿಡುವು ಬೇಕು, ರಜೆಗೂ ಸಂಬಳ ಬೇಕು. "ಹೂವಮ್ಮಂಗೆ ಒಳ್ಳೇದೇ ಸಿಕ್ತು, ಮೊದ್ಲೇ ಮೈಗಳ್ಳಿ" ಎಂದು ಎಲ್ಲರೂ ನಕ್ಕರು.

ಒಂಬತ್ತನೆಯದನ್ನು ಗುರುವಯ್ಯ ಬೇರೆ ಯಾರಿಗೋ ಕೊಡಲು ಹೊರಟಿದ್ದ. ಮೂಲೆಯಲ್ಲಿದ್ದ ಲಕ್ಕಯ್ಯ ಬಾಯಿಬಿಟ್ಟ. ಕ್ಲಾಸಿನಲ್ಲಿ ಅವನು ಮಾತಾಡಿದ್ದೇ ಅಪರೂಪ.

"ಅದು ನಂಗೆ ಕೊಡಿ ಮಿಸ್."

ಅದು ಹೀಗಿತ್ತು: ಯಾರನ್ನೂ ಕಾರಣವಿಲ್ಲದೆ ಹಿಡಿಯಬಾರದು, ಕೂಡಿಹಾಕಬಾರದು, ಊರು ಬಿಡಿಸಬಾರದು. ಲಕ್ಕಯ್ಯ ಹುಡುಗನಾಗಿದ್ದಾಗ, ಬೇರೊಂದು ಎಸ್ಟೇಟಿನಲ್ಲಿ, ಮೆಣಸು ಕದ್ದ ಎಂದು ಗೋಡೌನಿನಲ್ಲಿ ಕೂಡಿಹಾಕಿದ್ದರು. ಮೆಣಸು ಆಮೇಲೆ ಬೇರೆ ಕಡೆ ಸಿಕ್ಕಿತು. ಬಾಗಿಲು ತೆಗೆದವರು "ಹೋಗು" ಎಂದರಂತೆ, ಬೇರೇನೂ ಹೇಳಲಿಲ್ಲವಂತೆ. ನಮಗೆ ಅದು ಗೊತ್ತಿತ್ತು. ಯಾರೂ ನಗಲಿಲ್ಲ.

ಹೊಸ್ತಿಲ ಮೇಲಿದ್ದ ಉಬೈದನನ್ನು ಗುರುವಯ್ಯ ಬಿಡಲಿಲ್ಲ. "ಏಯ್ ಡ್ರೈವರ್, ಬಿಟ್ಟಿ ಕೂತಿದೀಯಲ್ಲ, ಹದಿಮೂರು ನಿಂಗೆ."

ಉಬೈದ್ ಬೋರ್ಡು ಓದಿದ: "ತನ್ನ ದೇಶದಲ್ಲಿ ಯಾರು ಎಲ್ಲಿಗೆ ಬೇಕಾದರೂ ಹೋಗಬಹುದು, ಎಲ್ಲಿ ಬೇಕಾದರೂ ಇರಬಹುದು, ಹೋದವರು ತಿರುಗಿ ಮನೆಗೆ ಬರಬಹುದು." ಓದಿ ತೊಡೆ ತಟ್ಟಿಕೊಂಡ. "ಅಯ್ಯೋ, ಇದು ನನ್ನ ಪರ್ಮಿಟ್ ಮಾರಾಯ್ರೆ!"

ಅಂದಿನಿಂದ ಚೆಕ್‌ಪೋಸ್ಟಿನಲ್ಲಿ ಜೀಪು ತಡೆದರೆ ಕಿಟಕಿಯಿಂದ ತಲೆ ಹೊರಹಾಕಿ ಹದಿಮೂರನೆಯದನ್ನು ಹೇಳುತ್ತಿದ್ದ. ಜೀಪಿನ ಒಳಗೆ, ಮೇಲೆ, ಹಿಂದೆ ನೇತಾಡುತ್ತ ಅರ್ಧ ಲೈನು ಇರುತ್ತಿತ್ತು. ಪೊಲೀಸರು ನಕ್ಕು ದಂಡ ಹಾಕುತ್ತಿದ್ದರು.

ಗುರುವಯ್ಯ ಹಂಚಿದ್ದರಿಂದ ಏನಾಯಿತು ಎಂಬುದು ಮಿಸ್‌ಗೆ ತಡವಾಗಿ ಗೊತ್ತಾಯಿತು. "ಹೂವಮ್ಮ, ನಾಲ್ಕನೇದು ಹೇಳಿ" ಎಂದು ಒಮ್ಮೆ ಕೇಳಿದರು. "ಅದು ನಂದಲ್ಲ ಮಿಸ್" ಎಂದೆ. ನನಗೆ ಅದು ಬರುತ್ತಿತ್ತು, ಎಲ್ಲವೂ ಬರುತ್ತಿದ್ದವು, ದಿನಾ ಕೇಳಿ ಕೇಳಿ. ಆದರೆ ಇನ್ನೊಬ್ಬರದಕ್ಕೆ ಬಾಯಿ ಹಾಕುವುದು ಹೇಗೆ? ಮಿಸ್ ಮೊದಲು ನಕ್ಕರು, ಆಮೇಲೆ ಬಿಡಿಸಿ ಹೇಳಿದರು. ಎಲ್ಲವೂ ಎಲ್ಲರದು ಎಂದರು. ನಾವು ತಲೆಯಾಡಿಸಿ, ಮರುದಿನವೂ ಹಾಗೇ ಮಾಡಿದೆವು. ಕೊನೆಗೆ ಅವರೇ ಸೋತು ಹಾಜರಿಯನ್ನು ಅದರಲ್ಲೇ ತೆಗೆದುಕೊಳ್ಳಲು ಶುರು ಮಾಡಿದರು. ಒಂದರಿಂದ ಸರದಿ ಪ್ರಕಾರ ಹೇಳುತ್ತ ಹೋಗುವುದು. ಬಾರದವರ ಸರದಿ ಬಂದಾಗ ಒಂದು ಉಸಿರು ಸುಮ್ಮನಿದ್ದು, "ಬಂದಿಲ್ಲ" ಎಂದು ಎಲ್ಲರೂ ಒಟ್ಟಿಗೆ ಹೇಳಿ ಮುಂದೆ ಹೋಗುವುದು.

ಕೆಲವು ವರ್ಷದಲ್ಲಿ ಮಿಸ್‌ಗೆ ದೂರದ ಊರಿನಲ್ಲಿ ಕೆಲಸ ಸಿಕ್ಕಿತು. ಕ್ಲಾಸು ನಿಂತಿತು, ಆ ಹಾಜರಿ ನಿಲ್ಲಲಿಲ್ಲ. ಕುಯ್ಲಿನ ಬೆಳಗಿನಲ್ಲಿ ಮಂಜು ಎಷ್ಟಿರುತ್ತದೆ ಎಂದರೆ ಪಕ್ಕದ ಸಾಲಿನವರ ಬುಟ್ಟಿಯೂ ಕಾಣುವುದಿಲ್ಲ. ರಸ್ತೆಯಂಚಿನಿಂದ ನಂಜಮ್ಮ ಒಂದನೆಯದನ್ನು ಹೇಳುವಳು: ಎಲ್ಲರೂ ಹುಟ್ಟುವಾಗಲೇ ಸ್ವತಂತ್ರರು, ಯಾರೂ ಮೇಲಲ್ಲ, ಯಾರೂ ಕೀಳಲ್ಲ. ಬಿಳಿ ಮಂಜಿನೊಳಗಿಂದ ಎರಡು, ಮೂರು, ನಾಲ್ಕು. ದನಿ ಇಳಿಜಾರಿನಲ್ಲಿ ಕೆಳಗಿಳಿದು ಹಳ್ಳದವರೆಗೂ ಹೋಗಿ, ಗುರುವಯ್ಯನ ಮೂವತ್ತರಲ್ಲಿ ಮುಗಿಯುತ್ತಿತ್ತು: ಇವನ್ನು ಯಾರೂ ಯಾರಿಂದಲೂ ಕಿತ್ತುಕೊಳ್ಳುವಂತಿಲ್ಲ. ಹೇಳಿದವನೇ "ಏಯ್, ಕೈ ಆಡ್ಲಿ, ಕೈ ಆಡ್ಲಿ!" ಎಂದು ಗದರುತ್ತಿದ್ದ. ಉಬೈದನ ಜೀಪು ರಸ್ತೆಯಲ್ಲಿ ಹಾದುಹೋಗುವ ಹೊತ್ತಾದರೆ ಹದಿಮೂರಕ್ಕೆ ಅವನ ಹಾರ್ನು. ಇಲ್ಲದಿದ್ದರೆ "ಬಂದಿಲ್ಲ". ನಾನು ಆಮೇಲೆ ಬೇರೆ ಬೇರೆ ಕಡೆ ಬೇಕಾದಷ್ಟು ಭಾಷಣ ಕೇಳಿದ್ದೇನೆ. ಆ ಬೆಳಗುಗಳ ಹಾಗೆ ಯಾವುದೂ ಕೇಳಿಸಿಲ್ಲ.

ಇಷ್ಟರಲ್ಲಿ ಒಂದು ಮನಸ್ತಾಪವೂ ಆಯಿತು. ಲಕ್ಕಯ್ಯನಿಗೆ ರಾಜ ಎಂಬ ಕಂದು ನಾಯಿ ಇತ್ತು. ಒಂದು ಸಂಜೆ ಅದು ಉಬೈದನ ಜೀಪಿನ ಚಕ್ರಕ್ಕೆ ಸಿಕ್ಕಿತು. ಉಬೈದ್ ನಿಲ್ಲಿಸದೆ ಹೋದ. ಲಕ್ಕಯ್ಯ ನಾಯಿಯನ್ನು ಮಣ್ಣು ಮಾಡಿದ, ಮತ್ತೆ ಆ ಜೀಪು ಹತ್ತಲಿಲ್ಲ, ಉಬೈದನ ಮುಖ ನೋಡಲಿಲ್ಲ. ಅದಾಗಿ ಸ್ವಲ್ಪ ಕಾಲಕ್ಕೆ ಸಂಸೆಯಲ್ಲಿದ್ದ ಮಗಳ ಮನೆಗೆ ಹೋಗಿ ಅಲ್ಲೇ ಉಳಿದ. ಅವನ ಒಂಬತ್ತಕ್ಕೆ ನಾವು ದಿನಾ "ಬಂದಿಲ್ಲ" ಎನ್ನುತ್ತಿದ್ದೆವು.

ಎರಡು ಸಾವಿರದ ಐದೋ ಆರೋ ಇರಬೇಕು. ಕುದುರೆಮುಖದ ಕಡೆಯ ಕಾಡಿನಲ್ಲಿ ಬಂದೂಕಿನವರು ಓಡಾಡುತ್ತಾರೆ ಎಂದು ರಸ್ತೆ ರಸ್ತೆಗೆ ಪೊಲೀಸರು ನಿಂತಿದ್ದ ವರ್ಷಗಳು ಅವು. ಈಗ ಚೆಕ್‌ಪೋಸ್ಟಿನಲ್ಲಿ ಯಾರೂ ನಗುತ್ತಿರಲಿಲ್ಲ. ಉಬೈದನೂ ತಲೆ ಹೊರಹಾಕುವುದನ್ನು ಬಿಟ್ಟಿದ್ದ. ರೊಬಸ್ಟಾ ಕುಯ್ಲು ನಡೆಯುತ್ತಿದ್ದ ಒಂದು ಬೆಳಿಗ್ಗೆ ಅವನ ಹೆಂಡತಿ ನಜ್ಮಾ ತೋಟದ ಒಳದಾರಿಯಲ್ಲಿ ಏರಿ ಬಂದಳು. ಚಪ್ಪಲಿ ಕೈಯಲ್ಲಿತ್ತು. ದುಪ್ಪಟ್ಟಾದ ತುಂಬ ಮುಳ್ಳುಕಾಯಿ ಅಂಟಿಕೊಂಡಿದ್ದವು.

"ಇವ್ರನ್ನ ಕರ್ಕೊಂಡು ಹೋಗಿದಾರೆ ಅಕ್ಕ. ಮೊನ್ನೆ ಚಾ ಅಂಗಡಿಯಿಂದ. ಕಳಸದ ಹತ್ರ ಯಾರೋ ಮೂರು ಜನ ಬ್ಯಾಗ್ ಹಿಡ್ಕೊಂಡು ಕೈ ಮಾಡಿದ್ರಂತೆ, ಇವ್ರು ಹತ್ತಿಸ್ಕೊಂಡ್ರಂತೆ. ಅಷ್ಟೇ."

"ಕೈ ಮಾಡಿದ್ರೆ ಹತ್ತಿಸ್ದೆ ಏನ್ಮಾಡ್ತಾನೆ? ಜೀಪಲ್ವ ಅದು?" ಎಂದಳು ನಂಜಮ್ಮ. "ಸ್ಟೇಷನ್ನಿಗೆ ಹೋದ್ಯಾ?"

"ಹೋದೆ. ಅಂಥವ್ರು ಯಾರೂ ಇಲ್ಲಿ ಇಲ್ಲ, ನಾವು ಯಾರನ್ನೂ ಹಿಡ್ದಿಲ್ಲ ಅಂತಾರೆ. ಜೀಪು ಅಲ್ಲೇ ಹಿಂದ್ಗಡೆ ಇದೆ ಅಕ್ಕ. ಟಾರ್ಪಾಲು ಮುಚ್ಚಿದಾರೆ. ಗಾಳಿಗೆ ಸ್ವಲ್ಪ ಎದ್ದಾಗ ನೋಡ್ದೆ. ಗೋಣಿ ಸೀಟು. ಕೆಂಪು ದಾರ."

ನಮಗೆಲ್ಲ ಅರ್ಥವಾದದ್ದು ಆಗಲೇ. ಹಿಡಿದಿದ್ದೇವೆ ಎಂದು ಹೇಳಿದರೆ ಅವನು ಎಲ್ಲೋ ಒಂದು ಕಡೆ ಇದ್ದಾನೆ ಎಂದಾಯಿತು, ಕೋರ್ಟಿಗೆ ತರಬೇಕಾಯಿತು. ಹಿಡಿದೇ ಇಲ್ಲ ಎಂದರೆ ಅವನನ್ನು ಏನು ಮಾಡಿದರೂ ಮಾಡಿದಂತಲ್ಲ. ಹಾಗೆ ಕಾಣೆಯಾದವರ ಸುದ್ದಿ ಆಗಾಗ ಕಿವಿಗೆ ಬೀಳುತ್ತಿತ್ತು. ಉಬೈದ್ ಅಲ್ಲಿದ್ದಾನೆ ಎಂದು ಅವರ ಬಾಯಲ್ಲಿ ಹೇಳಿಸಬೇಕಿತ್ತು. ಬೇರೆ ಏನೂ ಬೇಡವಾಗಿತ್ತು ನಮಗೆ.

ಯಾರು ಹೋಗಿ ಏನು ಹೇಳುವುದು? ನಾನು ಹೆದರುತ್ತಲೇ, "ಒಂಬತ್ತನೇದು ಇದಕ್ಕೇ ಇರೋದಲ್ವಾ. ನಾನು ಬೇಕಾದ್ರೆ ಹೇಳ್ತೀನಿ" ಎಂದೆ.

ನಂಜಮ್ಮ ನನ್ನನ್ನು ಮೇಲಿಂದ ಕೆಳಗೆ ನೋಡಿದಳು. "ನಿಂದಾ ಅದು?"

"ಅಲ್ಲ."

"ಮತ್ತೆ?"

ಈಗ ಯಾರಾದರೂ ಕೇಳಿದರೆ ನಗುತ್ತಾರೆ. ಒಬ್ಬ ಮನುಷ್ಯನ ಜೀವ ತೂಗುತ್ತಿರುವಾಗ ನಾವು ಮಾತು ಯಾರದು ಎಂದು ನೋಡುತ್ತಿದ್ದೆವು. ಆದರೆ ಗುರುವಯ್ಯನೂ ಅದನ್ನೇ ಹೇಳಿದ. "ಲಕ್ಕಯ್ಯಂದೇ ಅದು. ಕೇಳಿ ಇಸ್ಕೊಂಡವ್ನು. ಕರ್ಕೊಂಡು ಬನ್ನಿ."

ನಾನೂ ನಂಜಮ್ಮನೂ ಕಳಸದ ಬಸ್ಸು ಹತ್ತಿ, ಅಲ್ಲಿಂದ ಸಂಸೆಗೆ ಜೀಪಿನಲ್ಲಿ ಹೋದೆವು. ಲಕ್ಕಯ್ಯ ಮಗಳ ಗದ್ದೆಯ ಬೇಲಿ ಕಟ್ಟುತ್ತಿದ್ದ. ವಯಸ್ಸಾಗಿತ್ತು, ಕಿವಿಯ ಮೇಲೆ ಬಿಳಿ ಕೂದಲು. ಎಲ್ಲ ಕೇಳಿ ಬೇಲಿಗೂಟಕ್ಕೆ ಇನ್ನೆರಡು ಏಟು ಹಾಕಿದ.

"ಅವ್ನು ನನ್ ನಾಯಿ ಕೊಂದವ್ನು."

"ನಾಯಿ ಹೋಗಿ ಎಷ್ಟು ಕಾಲ ಆಯ್ತು ಮಾರಾಯ" ಎಂದಳು ನಂಜಮ್ಮ.

"ನಾಯಿ ಹೋಯ್ತು, ಸರಿ. ಬಂದು ಒಂದ್ ಮಾತು ಹೇಳಿದ್ನಾ?"

"ನಿನ್ನ ಮುಖ ನೋಡಿದ್ರೆ ಹುಲಿನೂ ಹತ್ರ ಬರಲ್ಲ. ಅವ್ನು ಎಲ್ಲಿ ಬರ್ತಾನೆ!"

ಲಕ್ಕಯ್ಯ ನಗಲಿಲ್ಲ. "ಹೂವಮ್ಮ ಓದಿದಾಳೆ. ಅವಳೇ ಹೇಳ್ಲಿ. ನಾನು ಕೊಟ್ಟೆ ಅಂತ ಇಟ್ಕಳಿ" ಎಂದು ಮತ್ತೆ ಗೂಟದ ಕಡೆ ತಿರುಗಿದ. ಅವನ ಮಗಳು ಕೊಟ್ಟ ಕಾಫಿ ಕುಡಿದು ನಾವು ವಾಪಸು ಬಂದೆವು. ಬಸ್ಸಿನಲ್ಲಿ ನಾನು ಒಂಬತ್ತನೆಯದನ್ನು ಮನಸ್ಸಿನಲ್ಲೇ ಹೇಳಿಕೊಂಡು ನೋಡಿದೆ. ಬರುತ್ತಿತ್ತು, ಆದರೆ ಬೇರೆಯವರ ಬಟ್ಟೆ ಹಾಕಿಕೊಂಡ ಹಾಗಿತ್ತು.

ಮರುದಿನ ಗುರುವಯ್ಯ ತೋಟದ ಅಂಚಿನಲ್ಲಿ ನಿಂತು ಸಾಲು ಹಂಚಲೇ ಇಲ್ಲ. "ಇವತ್ತು ಕುಯ್ಲು ಇಲ್ಲ. ಸಾವ್ಕಾರ್ರು ಕೇಳಿದ್ರೆ ನಾನು ಹೇಳ್ಕೋತೀನಿ" ಎಂದ. ಅದಕ್ಕೆ ಅವನ ಮೇಸ್ತ್ರಿಕೆ ಹೋಗಬಹುದಿತ್ತು. ನಜ್ಮಾಳ ಜೊತೆ ನಾವು ನಡೆದು ಕೊಟ್ಟಿಗೆಹಾರಕ್ಕೆ ಬಂದರೆ, ಬಸ್ಸು ನಿಲ್ಲುವ ಜಾಗದಲ್ಲಿ ಬಿಳಿ ಅಂಗಿ ಹಾಕಿಕೊಂಡು ಲಕ್ಕಯ್ಯ ನಿಂತಿದ್ದ.

"ಅವ್ನಿಗೋಸ್ಕರ ಬಂದಿಲ್ಲ ನಾನು" ಎಂದ, ನಾವು ಕೇಳುವ ಮೊದಲೇ. "ನನ್ ಸಾಲಿಗೆ ಬೇರೆಯವ್ರು ಇಳಿಯೋದು ಬ್ಯಾಡ ಅಂತ ಬಂದೆ."

"ಬಂದ್ಯಲ್ಲ, ಸಾಕು" ಎಂದಳು ನಂಜಮ್ಮ. ಅವನ ಕಾಲರು ಮಡಚಿಕೊಂಡಿದ್ದನ್ನು ಸರಿ ಮಾಡಿದಳು.

ಸ್ಟೇಷನ್ ಯಾವುದೆಂದು ನಾನು ಬರೆಯುವುದಿಲ್ಲ. ಹೆಂಚಿನ ಕಟ್ಟಡ, ಮುಂದೆ ಜಗಲಿ, ಪಕ್ಕದ ಅಂಗಳದಲ್ಲಿ ಒಂದು ಹಲಸಿನ ಮರ. ಆ ಅಂಗಳಕ್ಕೆ ಮುಖ ಮಾಡಿ ಹಿಂದಿನ ಕೋಣೆಯ ಕಿಟಕಿ, ಅದರ ಮರದ ಬಾಗಿಲು ಮುಚ್ಚಿತ್ತು. ನಾನು ಸರಿಯಾಗಿ ನೋಡಿದ್ದೇನೆ, ಮುಚ್ಚಿತ್ತು. ಆಚೆ ಟಾರ್ಪಾಲಿನ ಕೆಳಗೆ ಜೀಪು.

ಲಕ್ಕಯ್ಯ ಒಬ್ಬನೇ ಜಗಲಿ ಹತ್ತಿ ಮೇಜಿನ ಎದುರು ನಿಂತ. ನಾವು ಮೆಟ್ಟಿಲ ಕೆಳಗೆ.

"ಏನಜ್ಜ?" ಎಂದ ಪೇದೆ.

"ಯಾರನ್ನೂ ಕಾರಣವಿಲ್ಲದೆ ಹಿಡಿಯಬಾರದು" ಎಂದ ಲಕ್ಕಯ್ಯ, ಬೋರ್ಡಿನ ಕನ್ನಡದಲ್ಲೇ. "ಕೂಡಿ... ಕೂಡಿ..." ಅಲ್ಲಿಗೆ ನಿಂತುಹೋಯಿತು. ಮುಂದಿನದು ಬರಲಿಲ್ಲ.

"ಪದ್ಯ ಹೇಳೋಕೆ ಬಂದ್ಯಾ? ಯಾರನ್ನ ಹಿಡ್ದಿದೀವಿ ಇಲ್ಲಿ?"

"ಉಬೈದ್. ಜೀಪ್ ಡ್ರೈವರು."

"ಅಂಥವ್ನು ಯಾರೂ ಇಲ್ಲ. ಹೋಗಜ್ಜ, ಕೆಲ್ಸ ನೋಡು."

"ಜೀಪು ಅಲ್ಲಿದೆಯಲ್ಲ ಸ್ವಾಮಿ" ಎಂದಳು ನಂಜಮ್ಮ ಕೆಳಗಿಂದ. "ಸೀಟು ಹೊಲ್ದವಳು ನಾನು."

"ಗೋಣಿ ಹೊಲ್ಯೋರು ನೀನೊಬ್ಳೇನಾ? ನಡೀರಿ, ನಡೀರಿ."

ಲಕ್ಕಯ್ಯ ಕೆಳಗಿಳಿದು ಬಂದ. ಅವನ ಮುಖ ನೋಡಲು ಆಗಲಿಲ್ಲ. ನಮ್ಮ ಹತ್ತಿರ ಇದ್ದದ್ದು ಅದೊಂದೇ ಮಾತು, ಅದು ಮುಗಿದಿತ್ತು. ವಾಪಸು ಹೋಗುವುದೋ ನಿಲ್ಲುವುದೋ ತಿಳಿಯದೆ ಎಲ್ಲರೂ ನಜ್ಮಾಳ ಸುತ್ತ ಹಲಸಿನ ಮರದ ಕೆಳಗೆ ಕೂತೆವು. ಆಗ ನಂಜಮ್ಮ, ಯಾರಿಗೂ ಹೇಳದೆ, ಯಾರನ್ನೂ ನೋಡದೆ, ಹಾಜರಿ ಶುರು ಮಾಡಿದಳು.

"ಎಲ್ಲರೂ ಹುಟ್ಟುವಾಗಲೇ ಸ್ವತಂತ್ರರು, ಯಾರೂ ಮೇಲಲ್ಲ, ಯಾರೂ ಕೀಳಲ್ಲ."

ಎರಡನೆಯವಳು ಹೇಳಿದಳು. ಮೂರು. ನಾಲ್ಕನೆಯವನು ಹಿಂದಿನ ವರ್ಷ ಹಾವು ಕಚ್ಚಿ ಹೋಗಿದ್ದ. ಒಂದು ಉಸಿರು ಸುಮ್ಮನಿದ್ದು "ಬಂದಿಲ್ಲ" ಎಂದೆವು. ಐದು: ಯಾರಿಗೂ ಹಿಂಸೆ ಕೊಡಬಾರದು. ಜಗಲಿಗೆ ಒಬ್ಬಿಬ್ಬರು ಪೊಲೀಸರು ಬಂದು ನಿಂತು ನೋಡಿದರು. "ಭಜನೆ ಶುರುವಾಯ್ತು ನೋಡೋ" ಎಂದು ಒಬ್ಬ ನಕ್ಕ. ಆರು, ಏಳು, ಎಂಟು. ಲಕ್ಕಯ್ಯನ ಸರದಿ ಬಂತು. ಮತ್ತೆ ನಿಂತುಹೋಗುತ್ತದೇನೋ ಎಂದು ಅವನ ಕಡೆ ನೋಡಿದೆ. ಆದರೆ ಎಂಟರ ಬಾಲ ಹಿಡಿದು ಅದು ತಾನಾಗಿ ಬಂದುಬಿಟ್ಟಿತು, ತೊಟ್ಟಿಲ ಮನೆಯಲ್ಲಿ ಬರುತ್ತಿದ್ದ ಹಾಗೆ: "ಯಾರನ್ನೂ ಕಾರಣವಿಲ್ಲದೆ ಹಿಡಿಯಬಾರದು, ಕೂಡಿಹಾಕಬಾರದು, ಊರು ಬಿಡಿಸಬಾರದು." ಹತ್ತು. ಹನ್ನೊಂದು. ಹನ್ನೆರಡು.

ಆಮೇಲೆ ನಾವು ಸುಮ್ಮನಾದೆವು.

ಅದು ಉಬೈದನದು. ನಾವು ಯಾರೂ ಏನೂ ಯೋಚಿಸಿ ಹಾಗೆ ಮಾಡಿದ್ದಲ್ಲ. ಹದಿಮೂರು ನಮ್ಮ ಯಾರದೂ ಆಗಿರಲಿಲ್ಲ, ಅಷ್ಟೇ. ಒಂದು ಉಸಿರು ಬಿಟ್ಟು "ಬಂದಿಲ್ಲ" ಎನ್ನಬೇಕು. ನಮ್ಮ ಬಾಯಿ ಅದಕ್ಕೆ ತೆರೆದೂ ಇತ್ತು. ನಜ್ಮಾ ಎದುರು ಅದನ್ನು ಹೇಗೆ ಹೇಳುವುದು ಎಂದು ಎಲ್ಲರಿಗೂ ಅನಿಸಿರಬೇಕು. ಯಾರೂ ಹೇಳಲಿಲ್ಲ. ಜಗಲಿಯ ಮೇಲಿದ್ದವರೂ, ಏಕೆ ನಿಂತಿತು ಎಂದು, ನಗುವುದನ್ನು ನಿಲ್ಲಿಸಿದರು.

ಆಗ ಹಿಂದಿನ ಕೋಣೆಯಿಂದ ದನಿ ಬಂತು. ಒಡೆದಿತ್ತು, ಆದರೆ ಅವನದೇ.

"ತನ್ನ ದೇಶದಲ್ಲಿ ಯಾರು ಎಲ್ಲಿಗೆ ಬೇಕಾದರೂ ಹೋಗಬಹುದು. ಎಲ್ಲಿ ಬೇಕಾದರೂ ಇರಬಹುದು. ಹೋದವರು ತಿರುಗಿ ಮನೆಗೆ ಬರಬಹುದು."

ನಜ್ಮಾ ಎದ್ದು ನಿಂತಳು. ನಂಜಮ್ಮ ಅವಳ ಕೈ ಹಿಡಿದು ಕೂರಿಸಿ, "ಹದಿನಾಲ್ಕು ಯಾರದ್ರೇ?" ಎಂದಳು, ಗದರುವ ದನಿಯಲ್ಲಿ. ಹಿಡಿದ ಕೆಲಸವನ್ನು ನಡುವೆ ಬಿಡುವ ಹಾಗಿರಲಿಲ್ಲ. ಹದಿನಾಲ್ಕು ಬಂತು, ಹದಿನೈದು ಬಂತು. ನನ್ನ ಸರದಿ ಬಂದಾಗ ವಿಶ್ರಾಂತಿ ಬೇಕು, ಬಿಡುವು ಬೇಕು ಎಂದು ಅಳುತ್ತ ಹೇಳಿದೆ. ಗುರುವಯ್ಯ ಮೂವತ್ತನ್ನು ಹೇಳಿ ಮುಗಿಸುವ ತನಕ ಯಾರೂ ಏಳಲಿಲ್ಲ.

ಮುಗಿದ ಮೇಲೆ ಲಕ್ಕಯ್ಯ ಮತ್ತೆ ಜಗಲಿ ಹತ್ತಿದ. "ಇದಾನಲ್ಲ ಸ್ವಾಮಿ" ಎಂದ. ಜೋರಾಗಿ ಅಲ್ಲ. ಪೇದೆ ಎದ್ದು ಒಳಗೆ ಹೋದ. ಒಳಗೆ ಬಹಳ ಹೊತ್ತು ಮಾತು ನಡೆಯಿತು. ಫೋನು ಬಂತು, ಹೋಯಿತು. ನಾವು ಕದಲಲಿಲ್ಲ. ರಸ್ತೆಯಲ್ಲಿ ಹೋಗುವ ಬಸ್ಸಿನವರು ಇಣುಕಿ ನೋಡಿ, ಕೆಲವರು ಇಳಿದು ಬಂದು ನಿಂತರು. ಬಿಸಿಲು ಮರದಿಂದ ಆಚೆ ಸರಿಯುವ ಹೊತ್ತಿಗೆ ಒಬ್ಬ ಅಧಿಕಾರಿ ಹೊರಬಂದು ನಜ್ಮಾಳನ್ನು ಕರೆದ. "ವಿಚಾರಣೆಗೆ ಅಂತ ಕರೆಸಿದೀವಮ್ಮ. ಊಟ ಕೊಡೋದಾದ್ರೆ ಕೊಡು" ಎಂದ. ಎಲ್ಲರ ಎದುರು ಹೇಳಿದ. ನಮಗೆ ಬೇಕಾದದ್ದು ಅದೇ.

ಮರುದಿನ ಉಬೈದನನ್ನು ಕೋರ್ಟಿಗೆ ತಂದರು, ಕೆಲವು ದಿನ ಕಳೆದ ಮೇಲೆ ಬಿಟ್ಟರು. ಅವನ ಮೇಲೆ ಯಾವ ಕೇಸೂ ನಿಲ್ಲಲಿಲ್ಲ. ಜೀಪು ಸಿಕ್ಕ ದಿನವೇ ಅದನ್ನು ಓಡಿಸಿಕೊಂಡು ಸಂಸೆಗೆ ಹೋದ. ನಮ್ಮನ್ನೂ ಹತ್ತಿಸಿಕೊಂಡಿದ್ದ. ಲಕ್ಕಯ್ಯ ಬೇಲಿಯ ಹತ್ತಿರವೇ ಇದ್ದ.

"ಲಕ್ಕಯ್ಯಣ್ಣ, ಅವತ್ತು ರಾಜ... ನಾನು ನಿಲ್ಸ್‌ಬೇಕಿತ್ತು. ಹೆದ್ರಿಕೆ ಆಯ್ತು" ಎಂದ ಉಬೈದ್.

ಲಕ್ಕಯ್ಯ ಅವನ ಬಾತ ಮುಖವನ್ನು ನೋಡಿದ. "ಈಗ ಅದೆಲ್ಲ ಬ್ಯಾಡ. ಮೊದ್ಲು ಕೂತ್ಕೊ, ನೀರು ಕುಡಿ" ಎಂದ. ಅವನು ನೀರು ಕುಡಿದ ಮೇಲೆ, "ಕಂದು ನಾಯಿ ಸಂಜೆ ಹೊತ್ತು ಕಾಣಕ್ಕಿಲ್ಲ ಬಿಡು" ಎಂದ. ವಾಪಸು ಬರುವಾಗ ಕಳಸದ ತನಕ ಜೀಪಿನಲ್ಲಿ ಬಂದ, ಬೀಡಿ ತರುವುದಿದೆ ಎಂದು ನೆಪ ಹೇಳಿ. ಗೋಣಿ ಸೀಟಿನ ಮೇಲೆ ನಂಜಮ್ಮನ ಪಕ್ಕದಲ್ಲಿ ಕೂತಿದ್ದ.

ಈಗ ತೊಟ್ಟಿಲ ಮನೆಯಲ್ಲಿ ಗೊಬ್ಬರದ ಚೀಲ ತುಂಬಿದ್ದಾರೆ. ಕುಯ್ಲಿಗೆ ದೂರದ ರಾಜ್ಯಗಳಿಂದ ಜನ ಬರುತ್ತಾರೆ, ಅವರ ಭಾಷೆ ನಮಗೆ ಬರುವುದಿಲ್ಲ. ಗುರುವಯ್ಯನ ಮೇಸ್ತ್ರಿಕೆ ಉಳಿಯಿತು, ಈಗ ಅವನಿಗೆ ಕಿವಿ ಕೇಳಿಸದು. ಮಂಜಿನ ಬೆಳಗಿನಲ್ಲಿ ಆ ರಸ್ತೆಯಲ್ಲಿ ಹೋಗುವಾಗ ನಾನು ಒಂದರಿಂದ ಶುರು ಮಾಡಿ ಮನಸ್ಸಿನಲ್ಲೇ ಹೇಳಿಕೊಳ್ಳುತ್ತೇನೆ. ಬಂದಿಲ್ಲ, ಬಂದಿಲ್ಲ ಎಂದೇ ಹೆಚ್ಚು ಹೇಳಬೇಕಾಗುತ್ತದೆ. ಮೂವತ್ತೂ ನನಗೆ ಬರುತ್ತವೆ, ಆದರೂ ಇಪ್ಪತ್ತನಾಲ್ಕನ್ನು ಮಾತ್ರ ಹೇಳುತ್ತೇನೆ. ಮಿಸ್ ಬೇಸರ ಮಾಡಿಕೊಳ್ಳುತ್ತಾರೇನೋ.

ಆದರೆ ಒಂದು ವಿಷಯ ನನಗೆ ಬಗೆಹರಿದಿಲ್ಲ. ನಾವು ಅಂಗಳಕ್ಕೆ ಬಂದಾಗ ಆ ಕಿಟಕಿಯ ಬಾಗಿಲು ಮುಚ್ಚಿತ್ತು. ಉಬೈದನ ದನಿ ಬಂದಾಗ ತಿರುಗಿ ನೋಡಿದರೆ ತೆರೆದಿತ್ತು. ಮುಚ್ಚಿದ್ದರೆ ಅವನಿಗೆ ನಮ್ಮ ಮಾತೂ, ನಮಗೆ ಅವನ ಮಾತೂ ಕೇಳಿಸುತ್ತಿರಲಿಲ್ಲ. ಸಂಸೆಯಿಂದ ಬರುವಾಗ ಅವನನ್ನು ಕೇಳಿದೆ.

"ನಾನು ತೆಗ್ದಿದ್ದಲ್ಲ ಹೂವಮ್ಮಕ್ಕ. ಕೈ ಕಟ್ಟಿದ್ರು, ಕಣ್ಣಿಗೂ ಬಟ್ಟೆ ಕಟ್ಟಿದ್ರು. ಯಾರೋ ಒಳಗೆ ಬಂದ್ರು. ಚಿಲಕ ತೆಗ್ದ ಸದ್ದಾಯ್ತು, ಮುಖಕ್ಕೆ ತಣ್ಣಗೆ ಗಾಳಿ ಬಂತು. ಲಕ್ಕಯ್ಯಣ್ಣಂದು ಕೇಳಿಸ್ತು. ಬಂದವ್ರು ಏನೂ ಮಾತಾಡ್ಲಿಲ್ಲ, ಹೋದ್ರು."

"ಪೊಲೀಸಾ?"

"ಬೂಟಿನ ಸದ್ದಲ್ಲ ಅದು, ಚಪ್ಪಲಿ. ಪೊಲೀಸ್ರೂ ಚಪ್ಪಲಿ ಹಾಕ್ತಾರಲ್ವಾ ಒಳಗೆ."

ಕಸ ಗುಡಿಸುವವರೋ, ಚಾ ತರುವವರೋ, ಹೊಡೆದವರಲ್ಲೇ ಒಬ್ಬರೋ. ಬೇಕೆಂದೇ ತೆರೆದರೋ, ಕೋಣೆಯ ವಾಸನೆ ತಾಳಲಾರದೆ ತೆರೆದರೋ. ನಾನು ಆ ದಾರಿಯಲ್ಲಿ ಹೋಗುವಾಗಲೆಲ್ಲ ಆ ಕಿಟಕಿಯನ್ನು ನೋಡುತ್ತೇನೆ. ಅದನ್ನು ತೆರೆದವರು ಯಾರು ಎಂದು ನನಗೆ ಗೊತ್ತಿಲ್ಲ.